ಉಪವಾಸದ ಮಧ್ಯಾಹ್ನದ ತಲೆನೋವು

ಶಿವರಾತ್ರಿ ಬರುವುದು ಸಾಮಾನ್ಯವಾಗಿ ಫೆಬ್ರುವರಿ ಕೊನೆಗೆ ಇಲ್ಲವೇ ಮಾರ್ಚ್ ಮೊದಲಿಗೆ. ಸಕಲೇಶಪುರ ತಾಲ್ಲೂಕಿನ ಹೊಂಗಡಹಳ್ಳದಂಥ ಊರುಗಳಲ್ಲಿ ಅದು ರೋಬಸ್ಟಾ ಕೊಯ್ಲು ಮುಗಿಯುತ್ತ ಬಂದ ಕಾಲ. ಕಣದ ತುಂಬ ಕಾಫಿ ಹಣ್ಣು ಒಣಗುತ್ತಿರುತ್ತದೆ. ಆದರೆ ಕಟ್ಟುನಿಟ್ಟಾಗಿ ಹಬ್ಬ ಹಿಡಿದ ಮನೆಯೊಳಗೆ ಅಂದು ಕಾಫಿ ಕಾಯುವುದಿಲ್ಲ. ನೀರು ಬಿಟ್ಟು ಬೇರೇನನ್ನೂ ಮುಟ್ಟದವರು ಇಂದಿಗೂ ಇದ್ದಾರೆ. ಅವರಿಗೆ ಹನ್ನೊಂದು ಗಂಟೆಯವರೆಗೆ ಎಲ್ಲ ಸರಿಯಾಗಿರುತ್ತದೆ. ಮಧ್ಯಾಹ್ನ ಎರಡರ ಹೊತ್ತಿಗೆ ಹಣೆ ಬಿಗಿಯತೊಡಗುತ್ತದೆ, ಸಂಜೆಗೆ ತಲೆ ಸಿಡಿಯುತ್ತದೆ. ಹೊಟ್ಟೆ ಖಾಲಿ ಬಿಟ್ಟಿದ್ದಕ್ಕೆ ಗ್ಯಾಸ್ಟ್ರಿಕ್ ಆಗಿದೆ ಎಂದು ಮನೆಯವರು ತೀರ್ಮಾನಿಸುತ್ತಾರೆ.

ಇದೇ ಜನ ಕೊಯ್ಲಿನ ಭರಾಟೆಯಲ್ಲಿ ಎಷ್ಟೋ ದಿನ ಮಧ್ಯಾಹ್ನದ ಊಟವನ್ನು ನಾಲ್ಕು ಗಂಟೆಗೆ ಮಾಡಿರುತ್ತಾರೆ. ಬೆಳಿಗ್ಗೆ ಒಂದು ಲೋಟ ಕಾಫಿ, ಹತ್ತಕ್ಕೆ ತೋಟದಲ್ಲಿ ಮತ್ತೊಂದು. ಊಟ ತಡವಾದರೂ ತಲೆನೋವಿಲ್ಲ. ಹಸಿವೇ ಕಾರಣವಾಗಿದ್ದರೆ ಅಂದೂ ಬರಬೇಕಿತ್ತಲ್ಲ? ಇನ್ನೊಂದು ಸುಳಿವೂ ಇದೆ. ಹಬ್ಬದ ಮರುದಿನ ಬೆಳಿಗ್ಗೆ ಒಂದು ತುತ್ತು ಅನ್ನ ಬಾಯಿಗೆ ಹೋಗುವ ಮೊದಲೇ ಒಂದು ಲೋಟ ಕಾಫಿ ಕುಡಿದು ನೋಡಿ. ಅರ್ಧ ಮುಕ್ಕಾಲು ಗಂಟೆಯಲ್ಲಿ ನೋವು ಇಳಿದಿರುತ್ತದೆ.

ಯೆಹೂದಿಗಳು ಯೋಮ್ ಕಿಪ್ಪೂರ್ ದಿನ 25 ಗಂಟೆ ಉಪವಾಸ ಮಾಡುತ್ತಾರೆ, ಮುಸಲ್ಮಾನರು ರಂಜಾನ್ ತಿಂಗಳು ಹಗಲಿಡೀ ಉಪವಾಸವಿರುತ್ತಾರೆ. ಅವರಿಗೂ ಇಂಥದೇ ತಲೆನೋವು ಬರುತ್ತದೆ, ವೈದ್ಯರು ಅದನ್ನು ಅಧ್ಯಯನ ಮಾಡಿದ್ದಾರೆ. ನೀರಿನ ಕೊರತೆ, ನಿದ್ರೆಯ ಏರುಪೇರು ಕೂಡ ಅದರಲ್ಲಿ ಪಾಲುದಾರರು. ಆದರೆ ದಿನಾ ಕಾಫಿ ಟೀ ಕುಡಿಯುವವರ ಮಟ್ಟಿಗೆ ದೊಡ್ಡ ಅನುಮಾನ ಹೋಗುವುದು ಆ ದಿನ ಸಿಗದೇ ಹೋದ ಲೋಟದ ಮೇಲೆ.

ದೇಹಸುಖಕ್ಕೂ ಮನುಷ್ಯನ ಸ್ವಾತಂತ್ರ್ಯಕ್ಕೂ ಇರುವ ನಂಟನ್ನು ಋಷಿಗಳು, ಮುನಿಗಳು, ಸೂಫಿಗಳು ಸಾವಿರಾರು ವರ್ಷ ಚಿಂತಿಸಿದ್ದಾರೆ. ಆ ನಂಟಿನ ಒಂದು ತುಣುಕನ್ನಾದರೂ ಅಳೆದು ತೋರಿಸಲು ಸಾಧ್ಯವಿದ್ದರೆ ಅದು ಈ ತಲೆನೋವಿನಲ್ಲಿ ಸಾಧ್ಯ. ಹಾಗಾಗಿ ಹೆಂಡ, ಹೊಗೆಸೊಪ್ಪುಗಳನ್ನು ಸದ್ಯ ಪಕ್ಕಕ್ಕಿಟ್ಟು, ಮಲೆನಾಡಿನಲ್ಲಿ ಯಾರೂ ಚಟವೆಂದು ಕರೆಯದ ಕಾಫಿಯನ್ನೇ ಹಿಡಿದು ಹೊರಡೋಣ.

ಹುಳುವಿಗೆ ವಿಷ, ಜೇನಿಗೆ ನೆನಪು

ಕಾಫಿಯೊಳಗಿನ ಚುರುಕಿನ ವಸ್ತುವಿಗೆ ಕೆಫೀನ್ ಎಂದು ಹೆಸರು. ಜರ್ಮನಿಯ ಫ್ರೀಡ್ಲೀಬ್ ರುಂಗೆ ಅದನ್ನು ಮೊದಲು ಬೇರ್ಪಡಿಸಿದ್ದು 1819ರಲ್ಲಿ. ಇದನ್ನು ಪರೀಕ್ಷಿಸಿ ನೋಡು ಎಂದು ಅವನ ಕೈಗೆ ಕಾಫಿ ಬೀಜ ಕೊಟ್ಟವನು ಮಹಾಕವಿ ಗಯಟೆ. ಅರೇಬಿಕಾ ಬೀಜದಲ್ಲಿರುವುದಕ್ಕಿಂತ ಸುಮಾರು ಎರಡು ಪಟ್ಟು ಕೆಫೀನ್ ರೋಬಸ್ಟಾದಲ್ಲಿದೆ.

ಗಿಡಕ್ಕೆ ಇದು ಏಕೆ ಬೇಕು? ನಮ್ಮ ಬೆಳಗಿನ ಮಂಪರು ಓಡಿಸಲು ಅದು ಇದನ್ನು ತಯಾರಿಸಿಲ್ಲ. ಎಲೆಗೂ ಬೀಜಕ್ಕೂ ಬಾಯಿ ಹಾಕುವ ಕೀಟಗಳಿಗೆ ಕೆಫೀನ್ ವಿಷ. (ಬೆಳೆಗಾರರನ್ನು ಕಾಡುವ ಕಾಯಿಕೊರಕ ಮಾತ್ರ ಇದಕ್ಕೆ ಜಗ್ಗುವುದಿಲ್ಲ. ಅದರ ಕರುಳಿನ ಬ್ಯಾಕ್ಟೀರಿಯಾಗಳು ಕೆಫೀನನ್ನು ಒಡೆದುಹಾಕುತ್ತವೆ ಎಂಬುದು 2015ರಲ್ಲಿ ಗೊತ್ತಾಯಿತು.)

ಮಾರ್ಚ್ ಏಪ್ರಿಲ್‌ನಲ್ಲಿ ಹೂ ಮಳೆ ಬಿದ್ದ ಕೆಲವು ದಿನಗಳಿಗೆ ಹೆತ್ತೂರು, ಬಿಸಿಲೆ ಕಡೆಯ ತೋಟಗಳೆಲ್ಲ ಬೆಳ್ಳಗಾಗುತ್ತವೆ. ಆ ಹೂವಿನ ಮಕರಂದದಲ್ಲೂ ಕೆಫೀನ್ ಇದೆ, ಆದರೆ ಕಹಿ ಗೊತ್ತಾಗದಷ್ಟು ಕಡಿಮೆ. ಇಂಗ್ಲೆಂಡಿನ ಜೆರಾಲ್ಡಿನ್ ರೈಟ್ ಮತ್ತು ಸಂಗಡಿಗರು 2013ರಲ್ಲಿ ಒಂದು ಸಂಗತಿ ಕಂಡುಕೊಂಡರು. ಕೆಫೀನ್ ಬೆರೆತ ಸಿಹಿನೀರು ಕುಡಿದ ಜೇನುಹುಳುಗಳಲ್ಲಿ ಹೂವಿನ ವಾಸನೆಯನ್ನು ಮರುದಿನವೂ ನೆನಪಿಟ್ಟವುಗಳ ಸಂಖ್ಯೆ, ಬರಿ ಸಿಹಿನೀರು ಕುಡಿದವುಗಳಿಗೆ ಹೋಲಿಸಿದರೆ, ಮೂರು ಪಟ್ಟು. 2015ರಲ್ಲಿ ಮಾರ್ಗರೆಟ್ ಕೂವಿಯಾನ್ ತಂಡ ಸಸೆಕ್ಸ್‌ನಲ್ಲಿ ಇನ್ನೊಂದು ಹೆಜ್ಜೆ ಮುಂದೆ ಹೋಯಿತು. ಕೆಫೀನ್ ಇದ್ದ ಬಟ್ಟಲಿಗೆ ಬಂದ ಹುಳುಗಳು ಗೂಡಿಗೆ ಮರಳಿ, ಅಲ್ಲಿ ಇದ್ದದ್ದಕ್ಕಿಂತ ಒಳ್ಳೆಯ ಆಹಾರವಿದೆ ಎಂಬಂತೆ ಕುಣಿದು ಸಂಗಾತಿಗಳನ್ನು ಕರೆತಂದವು. ಬಟ್ಟಲು ಖಾಲಿಯಾದ ಮೇಲೂ ಅಲ್ಲಿಗೆ ಬರುತ್ತಲೇ ಇದ್ದವು. ಸಿಹಿ ಹೆಚ್ಚಾಗಿರಲಿಲ್ಲ, ಸೆಳೆತ ಮಾತ್ರ ಹೆಚ್ಚಾಗಿತ್ತು. ಈ ವ್ಯತ್ಯಾಸ ನಮಗೆ ಮುಂದೆ ಬೇಕಾಗುತ್ತದೆ.

ಟವೆಲ್ ಹಾಕಿದ ಸೀಟು

ಎಚ್ಚರವಿದ್ದಷ್ಟು ಹೊತ್ತೂ ಮೆದುಳಿನ ಕೋಶಗಳು ಶಕ್ತಿ ಉರಿಸುತ್ತವೆ. ಹಾಗೆ ಉರಿದಾಗ ಉಳಿಯುವ ಒಂದು ವಸ್ತು ಅಡಿನೋಸಿನ್. ಅದನ್ನು ದಣಿವಿನ ಅಣು ಎನ್ನೋಣ. ಬೆಳಗಿನಿಂದ ಸಂಜೆಯವರೆಗೆ ಅದು ಕೂಡುತ್ತ ಹೋಗುತ್ತದೆ, ನಿದ್ರೆಯಲ್ಲಿ ಕರಗುತ್ತದೆ. ಮೆದುಳಿನ ಕೋಶಗಳ ಮೇಲೆ ಅದು ಬಂದು ಕೂರಲೆಂದೇ ತಾಣಗಳಿವೆ, ವಿಜ್ಞಾನಿಗಳು ಅವಕ್ಕೆ ರಿಸೆಪ್ಟರ್ ಎನ್ನುತ್ತಾರೆ. ಅಣು ತಾಣದಲ್ಲಿ ಕೂತೊಡನೆ ಕೋಶಕ್ಕೆ ಸಿಗುವ ಸೂಚನೆ ಒಂದೇ: ಸಾಕು, ಇನ್ನು ನಿಧಾನ ಮಾಡು.

ಸಕಲೇಶಪುರದ ಬಸ್ ನಿಲ್ದಾಣದಿಂದ ಹೆತ್ತೂರಿನ ಕಡೆ ಹೊರಡುವ ಸಂಜೆ ಬಸ್ಸನ್ನು ನೆನೆದುಕೊಳ್ಳಿ. ದಣಿವಿನ ಅಣುಗಳು ಅದರ ಪ್ರಯಾಣಿಕರು, ರಿಸೆಪ್ಟರುಗಳು ಸೀಟುಗಳು. ಕೆಫೀನ್ ಎಂದರೆ ಕಿಟಕಿಯಿಂದ ಯಾರೋ ಒಳಗೆ ಎಸೆದ ಟವೆಲ್. ಟವೆಲ್ ಪ್ರಯಾಣಿಕನಲ್ಲ, ಆದರೆ ಅದು ಬಿದ್ದ ಸೀಟಿನಲ್ಲಿ ಬೇರೆಯವರು ಕೂರುವಂತಿಲ್ಲ. ಕೆಫೀನಿನ ಆಕಾರ ಅಡಿನೋಸಿನ್ ಆಕಾರಕ್ಕೆ ಹತ್ತಿರವಿರುವುದರಿಂದ ಅದು ಆ ತಾಣದಲ್ಲಿ ಹೋಗಿ ಕೂರಬಲ್ಲದು, ಆದರೆ ನಿಧಾನ ಮಾಡು ಎಂಬ ಸೂಚನೆ ಕೊಡಲಾರದು. ಒಂದು ಲೋಟ ಕಾಫಿ ಕುಡಿದಾಗ ಬರುವ ಹುರುಪು ಇಷ್ಟೇ. ಹೊಸ ಶಕ್ತಿ ಎಲ್ಲಿಂದಲೂ ಬಂದಿಲ್ಲ. ದಣಿವಿನ ಸುದ್ದಿ ತಲುಪದಂತೆ ತಡೆದಿದ್ದೇವೆ, ಅಷ್ಟೇ. ಸೀಟು ಸಿಗದ ಪ್ರಯಾಣಿಕರು ಬಸ್ಸಿಳಿದು ಹೋಗಿಲ್ಲ, ನಡುವಿನ ದಾರಿಯಲ್ಲಿ ನಿಂತೇ ಇದ್ದಾರೆ. ಸುಮಾರು ಐದು ಗಂಟೆಯಲ್ಲಿ ರಕ್ತದಲ್ಲಿನ ಅರ್ಧ ಕೆಫೀನ್ ಕರಗುತ್ತದೆ. ಟವೆಲ್‌ಗಳು ಒಂದೊಂದಾಗಿ ಎದ್ದಾಗ ನಿಂತವರೆಲ್ಲ ಕೂರುತ್ತಾರೆ, ಜೋಂಪು ಹತ್ತುತ್ತದೆ.

ಒಂದು ದಿನದ ಮಟ್ಟಿಗೆ ಕತೆ ಇಲ್ಲಿಗೆ ಮುಗಿಯುತ್ತದೆ. ಆದರೆ ಕಾಫಿ ದಿನಾ ಬಂದರೆ ದೇಹ ಸುಮ್ಮನಿರುವುದಿಲ್ಲ. ದಣಿವಿನ ಸೂಚನೆ ದೇಹಕ್ಕೆ ಬೇಕಾದದ್ದು, ಅದಿಲ್ಲದಿದ್ದರೆ ನಿದ್ರೆಯಿಲ್ಲ, ದುರಸ್ತಿಯಿಲ್ಲ. ಸೀಟುಗಳೆಲ್ಲ ಸದಾ ಟವೆಲ್‌ನಿಂದ ಮುಚ್ಚಿರುವುದನ್ನು ಕಂಡು ಅದು ಬಸ್ಸಿಗೆ ಹೊಸ ಸೀಟು ಹಾಕಿಸುತ್ತದೆ. ನಿತ್ಯ ಕೆಫೀನ್ ಕೊಟ್ಟ ಪ್ರಾಣಿಗಳ ಮೆದುಳಿನಲ್ಲಿ ಈ ತಾಣಗಳು ಹೆಚ್ಚಾಗುವುದನ್ನು ಅಳೆದು ನೋಡಿದ್ದಾರೆ. ಹೊಸ ಸೀಟುಗಳಲ್ಲಿ ಪ್ರಯಾಣಿಕರು ಕೂತರು, ದಣಿವಿನ ಸೂಚನೆ ಮೊದಲಿನ ಮಟ್ಟಕ್ಕೆ ಬಂತು. ಈಗ ಅದೇ ಒಂದು ಲೋಟ ಏನೇನೂ ಸಾಲದು. ಎರಡನೆಯದು ಬೇಕು, ತೋಟದಿಂದ ಬಂದ ಮೇಲೆ ಮೂರನೆಯದು.

ಈಗ ಶಿವರಾತ್ರಿಯ ದಿನಕ್ಕೆ ಬನ್ನಿ. ಟವೆಲ್ ಒಂದೂ ಇಲ್ಲ. ಸೀಟುಗಳೋ ಮೊದಲಿಗಿಂತ ಹೆಚ್ಚು, ಎಲ್ಲವೂ ಭರ್ತಿ. ದಣಿವಿನ ಸೂಚನೆ ಎಂದೂ ಕೇಳದಷ್ಟು ಜೋರಾಗಿ ಕೇಳುತ್ತದೆ. ಅಡಿನೋಸಿನ್ ಮೆದುಳಿನ ರಕ್ತನಾಳಗಳನ್ನು ಹಿಗ್ಗಿಸುವ ಕೆಲಸವನ್ನೂ ಮಾಡುತ್ತದೆ, ಕೆಫೀನ್ ಅದನ್ನು ತಡೆದು ಕುಗ್ಗಿಸಿಟ್ಟಿರುತ್ತದೆ. ತಡೆ ಹೋದಾಗ ನಾಳಗಳು ಹಿಗ್ಗಿ ರಕ್ತದ ಹರಿವು ಏರುತ್ತದೆ, ತಲೆ ಸಿಡಿಯುತ್ತದೆ. ಕೊನೆಯ ಲೋಟ ಕುಡಿದ 12ರಿಂದ 24 ಗಂಟೆಯೊಳಗೆ ಇದು ಶುರುವಾಗುತ್ತದೆ. ಹಿಂದಿನ ಸಂಜೆ ಐದಾರಕ್ಕೆ ಕಾಫಿ ಕುಡಿದವರಿಗೆ ಹಬ್ಬದ ಮಧ್ಯಾಹ್ನವೇ ಬರುವುದು ಏಕೆಂದು ಈಗ ಲೆಕ್ಕ ಹಾಕಿಕೊಳ್ಳಬಹುದು. ಅಮೆರಿಕದ ಮನೋವೈದ್ಯರ ಸಂಘ 2013ರ ತನ್ನ ಕೈಪಿಡಿಯಲ್ಲಿ ಇದನ್ನು ಒಂದು ಸ್ಪಷ್ಟ ಕಾಯಿಲೆಯ ಸ್ಥಿತಿಯೆಂದು ದಾಖಲಿಸಿತು. ದಿನಕ್ಕೆ 100 ಮಿಲಿಗ್ರಾಂ ಕೆಫೀನ್, ಅಂದರೆ ಹೆಚ್ಚುಕಡಿಮೆ ಒಂದು ಲೋಟ ಕಾಫಿಯ ಅಭ್ಯಾಸವಿದ್ದರೂ ಇದು ಬರಬಹುದು.

ಸುಖ ಎಲ್ಲಿ ಹೋಯಿತು?

ಬ್ರಿಸ್ಟಲ್ ವಿಶ್ವವಿದ್ಯಾಲಯದ ಪೀಟರ್ ರೋಜರ್ಸ್ ತಂಡ 2010ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ 379 ಜನರಿದ್ದರು. ಕೆಲವರು ನಿತ್ಯ ಕಾಫಿ ಟೀ ಕುಡಿಯುವವರು, ಉಳಿದವರು ಕುಡಿಯದವರು ಅಥವಾ ಬಹಳ ಕಡಿಮೆ ಕುಡಿಯುವವರು. ಎಲ್ಲರನ್ನೂ 16 ಗಂಟೆ ಕೆಫೀನ್ ಇಲ್ಲದೆ ಇರಿಸಿ, ಆಮೇಲೆ ಕೆಲವರಿಗೆ ಕೆಫೀನ್, ಕೆಲವರಿಗೆ ಹೆಸರಿಗೊಂದು ಖಾಲಿ ಮದ್ದು ಕೊಟ್ಟರು. ಖಾಲಿ ಮದ್ದು ಸಿಕ್ಕ ನಿತ್ಯ ಕುಡುಕರಿಗೆ ತಲೆನೋವು, ಮಂಕು. ಅದು ನಿರೀಕ್ಷಿಸಿದ್ದೇ. ನಿಜವಾದ ಅಚ್ಚರಿ ಬೇರೆ ಕಡೆ ಇತ್ತು. ಕೆಫೀನ್ ಸಿಕ್ಕ ನಿತ್ಯ ಕುಡುಕರು ಎಚ್ಚತ್ತರು, ಆದರೆ ಎಷ್ಟು? ಏನನ್ನೂ ಕುಡಿಯದವರು ಎಷ್ಟು ಎಚ್ಚರವಾಗಿದ್ದರೋ ಅಷ್ಟೇ. ಅವರನ್ನು ದಾಟಿ ಒಂದು ಮೆಟ್ಟಿಲೂ ಮೇಲೆ ಹೋಗಲಿಲ್ಲ.

ನನ್ನ ಮಟ್ಟಿಗೆ ಈ ಅಧ್ಯಾಯದ ತಿರುಳು ಈ ಫಲಿತಾಂಶವೇ. ಬೆಳಗಿನ ಮೊದಲ ಲೋಟ ಗಂಟಲಿಗಿಳಿದಾಗ ಆಹಾ ಎನಿಸುತ್ತದೆಯಲ್ಲ, ಅದರ ದೊಡ್ಡ ಪಾಲು ಸುಖವಲ್ಲ, ಪರಿಹಾರ. ರಾತ್ರಿಯಿಡೀ ಹುಟ್ಟಿದ ಕೊರತೆಯನ್ನು ಅದು ತುಂಬಿತು, ಆ ಕೊರತೆಯನ್ನು ಹುಟ್ಟಿಸಿದ್ದೂ ನಿನ್ನೆಯ ಲೋಟವೇ. ಮೊದಮೊದಲು ನಾವು ಸುಖಕ್ಕಾಗಿ ಕೈಚಾಚಿದೆವು. ಈಗ ಮಾಮೂಲಾಗಿ ಇರುವುದಕ್ಕಾಗಿ ಕೈಚಾಚುತ್ತಿದ್ದೇವೆ. ಪರಿಮಳ, ರುಚಿ, ಬಿಸಿ, ಜೊತೆಗೆ ಕೂತು ಕುಡಿಯುವವರ ಮಾತು, ಇವೆಲ್ಲ ನಿಜವಾದ ಸುಖಗಳೇ. ಅವು ಎಲ್ಲೂ ಹೋಗಿಲ್ಲ. ಆದರೆ ಅವುಗಳ ಹಿಂದೆ ನಿಂತು ನಮ್ಮನ್ನು ದಿನಾ ಎಬ್ಬಿಸುವುದು ಬೇರೆಯದೇ ಒಂದು ಬಲ.

ದೇಹ ಹೀಗೆ ಎದುರುಬಲ ಕಟ್ಟಿಕೊಳ್ಳುವುದು ಕಾಫಿಯೊಂದರ ವಿಷಯದಲ್ಲಲ್ಲ. ಅಮೆರಿಕದ ರಿಚರ್ಡ್ ಸಾಲಮನ್ 1974ರಲ್ಲೇ ಇದನ್ನು ಒಂದು ಸಾಮಾನ್ಯ ನಿಯಮವಾಗಿ ಮುಂದಿಟ್ಟಿದ್ದ. ಸುಖದ ಕಡೆಗೆ ತಳ್ಳಿದಷ್ಟೂ ದೇಹ ಎದುರು ದಿಕ್ಕಿಗೆ ತಳ್ಳುತ್ತದೆ. ಅಭ್ಯಾಸವಾದಂತೆ ಸುಖ ಕುಗ್ಗುತ್ತದೆ, ಎದುರುಬಲ ಹಿಗ್ಗುತ್ತದೆ.

ಬೇಕೆನಿಸುವುದು ಬೇರೆ, ಹಿತವಾಗುವುದು ಬೇರೆ

ಸುಖ ಇಷ್ಟು ಕುಗ್ಗಿದ ಮೇಲೂ ಮನುಷ್ಯ ಏಕೆ ಬಿಡುವುದಿಲ್ಲ? ತಲೆನೋವಿನ ಭಯ ಒಂದು ಕಾರಣ, ಆದರೆ ಅದು ಸಾಲದು. ತಲೆನೋವು ಕೆಲವೇ ದಿನದ್ದು. ವರ್ಷಗಟ್ಟಲೆ ಬಿಟ್ಟವರೂ ಮತ್ತೆ ಹಳೆಯ ಚಟಕ್ಕೆ ಮರಳುತ್ತಾರೆ.

ಮಿಷಿಗನ್ ವಿಶ್ವವಿದ್ಯಾಲಯದ ಕೆಂಟ್ ಬೆರಿಜ್ ಮತ್ತು ಟೆರಿ ರಾಬಿನ್ಸನ್ ಇಲಿಗಳ ಮೆದುಳಿನಲ್ಲಿ ಡೋಪಮೀನ್ ಎಂಬ ರಾಸಾಯನಿಕವನ್ನು ಹೆಚ್ಚುಕಡಿಮೆ ಇಲ್ಲವಾಗಿಸಿದರು. ಡೋಪಮೀನ್ ಎಂದರೆ ಸುಖದ ರಾಸಾಯನಿಕ ಎಂದು ಆಗ ಎಲ್ಲರ ನಂಬಿಕೆ. ಅದಿಲ್ಲದ ಇಲಿಗಳು ಆಹಾರದತ್ತ ಹೋಗುವುದನ್ನೇ ಬಿಟ್ಟವು, ಕೊಳವೆಯಿಂದ ಉಣಿಸದಿದ್ದರೆ ಸಾಯುತ್ತಿದ್ದವು. ಆದರೆ ನಾಲಿಗೆಯ ಮೇಲೆ ಸಕ್ಕರೆ ನೀರು ಬಿಟ್ಟರೆ ಮೊದಲಿನಷ್ಟೇ ಸವಿಯುತ್ತ ತುಟಿ ನೆಕ್ಕಿಕೊಂಡವು! ಡೋಪಮೀನ್ ಹೆಚ್ಚಿದ್ದ ಇಲಿಗಳದ್ದು ಇದಕ್ಕೆ ತದ್ವಿರುದ್ಧ. ಅವು ಸಿಹಿಗಾಗಿ ಹೆಚ್ಚು ಓಡಿದವು, ಸಿಕ್ಕ ಸಿಹಿಯನ್ನು ಹೆಚ್ಚು ಸವಿಯಲಿಲ್ಲ.

ಬೇಕು ಎಂಬ ಸೆಳೆತಕ್ಕೂ ಸಿಕ್ಕಾಗಿನ ಹಿತಕ್ಕೂ ಮೆದುಳಿನಲ್ಲಿ ಬೇರೆಬೇರೆ ಹಾದಿಗಳಿವೆ ಎಂದಾಯಿತು. ಸಾಮಾನ್ಯವಾಗಿ ಅವು ಜೊತೆಯಾಗಿ ನಡೆಯುತ್ತವೆ, ಹಾಗಾಗಿ ನಮಗೆ ಒಂದೇ ಎನಿಸುತ್ತವೆ. ಚಟದಲ್ಲಿ ಅವು ಅಗಲುತ್ತವೆ. ಹಿತ ದಿನೇ ದಿನೇ ಇಳಿಯುತ್ತದೆ, ಸೆಳೆತ ಏರುತ್ತದೆ. ಖಾಲಿ ಬಟ್ಟಲಿಗೆ ಮರಳಿ ಬರುತ್ತಿದ್ದ ಜೇನುಹುಳುಗಳಲ್ಲಿ ಕಂಡದ್ದೂ ಇದಕ್ಕೆ ಹತ್ತಿರದ್ದೇ. ಬಟವಾಡೆಯ ದಿನ ಸಂಬಳ ಕೈಗೆ ಬಂದೊಡನೆ ವೈನ್ ಶಾಪಿನತ್ತ ಹೊರಡುವ ತೋಟದ ಕೂಲಿಯನ್ನು ಕೇಳಿ. ಕುಡಿತದಿಂದ ಈಗ ಖುಷಿ ಸಿಗುತ್ತದೆ ಎಂದು ಅವನು ಹೇಳಲಾರ, ಬಿಡಲಾಗುವುದಿಲ್ಲ ಎಂದೇ ಹೇಳುತ್ತಾನೆ. ಅವನನ್ನು ಬೇಜವಾಬ್ದಾರ ಎಂದು ಬೈಯುವ ಮುನ್ನ ಈ ಇಲಿಗಳನ್ನು ನೆನೆಯಬೇಕು. ಕರ್ನಾಟಕದಲ್ಲಿ 2007ರ ಜುಲೈ 1ರಿಂದ ಸಾರಾಯಿ ನಿಷೇಧವಾಯಿತು. ಅಂಗಡಿಯ ಬೋರ್ಡು ಬದಲಾಯಿತು, ಸೆಳೆತ ಎಲ್ಲಿತ್ತೋ ಅಲ್ಲೇ ಉಳಿಯಿತು.

ಸ್ವಾತಂತ್ರ್ಯವೆಂದರೆ ಬೇಕಾದದ್ದನ್ನು ಬೇಕಾದಾಗ ಮಾಡುವುದು ಎಂದು ನಾವು ಸಲೀಸಾಗಿ ಹೇಳಿಬಿಡುತ್ತೇವೆ. ಹಿತ ಕೊಡದ ವಸ್ತುವನ್ನೂ ಬೇಕು ಎನ್ನುವಂತೆ ಮೆದುಳು ತಯಾರಾಗಬಲ್ಲದು ಎಂದಾದರೆ ಆ ವ್ಯಾಖ್ಯೆ ನಿಲ್ಲುವುದಿಲ್ಲ. ಬೇಕು ಎನಿಸಿದಾಗಲೂ ಬೇಡ ಎನ್ನಲು ಆಗುತ್ತದೆಯೇ ಎಂಬುದೇ ಸರಿಯಾದ ಪರೀಕ್ಷೆ.

ಬೇಲೂರು ಮತ್ತು ಬೆಳಗೊಳ

ಹೊಂಗಡಹಳ್ಳ ಇರುವ ಹಾಸನ ಜಿಲ್ಲೆಯಲ್ಲೇ ಈ ಪ್ರಶ್ನೆಯನ್ನು ನೆನಪಿಸುವ ಎರಡು ಮಹಾನ್ ತಾಣಗಳಿವೆ. ವಿಷ್ಣುವರ್ಧನ 1117ರಲ್ಲಿ ಪ್ರತಿಷ್ಠೆ ಮಾಡಿಸಿದ ಬೇಲೂರಿನ ಚೆನ್ನಕೇಶವ ದೇಗುಲದಲ್ಲಿ ಕನ್ನಡಿ ನೋಡುವ, ಕುಣಿಯುವ, ಮುಡಿ ಕಟ್ಟುವ ಮದನಿಕೆಯರು. ಗಂಗರ ಮಂತ್ರಿ ಚಾವುಂಡರಾಯ 981ರ ಸುಮಾರಿಗೆ ಶ್ರವಣಬೆಳಗೊಳದಲ್ಲಿ ನಿಲ್ಲಿಸಿದ ಗೊಮ್ಮಟನ ಮೈಮೇಲೆ ನೂಲೆಳೆಯೂ ಇಲ್ಲ. ಒಂದು ಭೋಗದ ಕಡೆ, ಇನ್ನೊಂದು ತ್ಯಾಗದ ಕಡೆ ಎಂದು ಹಂಚಿ ಹಾಕುವುದು ಸುಲಭ. ಆ ಹಂಚಿಕೆ ನನಗೆ ಒಪ್ಪಿಗೆಯಿಲ್ಲ. ಬೇಲೂರಿನದು ದೇವರ ಮನೆ. ದೇಹದ ಚೆಲುವನ್ನು ಅದರ ಗೋಡೆಯ ಮೇಲೆ ಕಡೆದವರು ಚೆಲುವಿಗೆ ಹೆದರಿದವರಲ್ಲ.

ಗೊಮ್ಮಟನೆಂದು ಕರೆಯುವ ಬಾಹುಬಲಿಯ ಕಥೆಯಲ್ಲೂ ಒಂದು ಸೂಕ್ಷ್ಮವಿದೆ. ಗೆದ್ದ ರಾಜ್ಯವನ್ನು ಬಿಟ್ಟು, ಅನ್ನ ನೀರು ಬಿಟ್ಟು, ಬಳ್ಳಿ ಮೈಗೆ ಹಬ್ಬುವಷ್ಟು ಕಾಲ ನಿಂತರೂ ಅವನಿಗೆ ಕೇವಲಜ್ಞಾನ ದಕ್ಕಲಿಲ್ಲ. ಅಣ್ಣ ಭರತನ ನೆಲದ ಮೇಲೆ ನಿಂತಿದ್ದೇನೆ ಎಂಬ ಎಣಿಕೆ ಒಳಗೆ ಉಳಿದಿತ್ತು. ಅದು ಹೋದ ಮೇಲೆಯೇ ಬಿಡುಗಡೆ. ವಸ್ತುವನ್ನು ಬಿಟ್ಟಮಾತ್ರಕ್ಕೆ ಹಿಡಿತ ಬಿಡುವುದಿಲ್ಲ ಎಂದು ಈ ಕಥೆ ಕಟ್ಟಿದವರಿಗೆ ಗೊತ್ತಿತ್ತು. ಜೈನರು ಸಂಸಾರಿಗಳಿಗೆ ಗೊಮ್ಮಟನ ದಾರಿಯನ್ನು ಹೇರಲಿಲ್ಲ. ಅವರಿಗೆ ಹೇಳಿದ್ದು ಭೋಗೋಪಭೋಗ ಪರಿಮಾಣ ಎಂಬ ವ್ರತ. ಉಣ್ಣುವ, ಉಡುವ ವಸ್ತುಗಳಿಗೆ ಇಷ್ಟೇ ಎಂದು ತಾವೇ ಒಂದು ಮಿತಿ ಗೊತ್ತುಮಾಡಿಕೊಂಡು ಅದರೊಳಗೆ ಬಾಳುವುದು. ಎದುರುಬಲ ಬೆಳೆಯದಂತೆ ನೋಡಿಕೊಳ್ಳಲು ಇದಕ್ಕಿಂತ ಒಳ್ಳೆಯ ಉಪಾಯವನ್ನು ಇಂದಿನ ವಿಜ್ಞಾನವೂ ಹೇಳಲಾರದು.

ಕಾಫಿಯ ಚರಿತ್ರೆಯೂ ಇದೇ ಮಾತನ್ನು ಇನ್ನೊಂದು ಕಡೆಯಿಂದ ಹೇಳುತ್ತದೆ. 15ನೆಯ ಶತಮಾನದ ಯೆಮನ್‌ನಲ್ಲಿ ಸೂಫಿಗಳು ರಾತ್ರಿಯ ದೇವಸ್ಮರಣೆಗೆ ಎಚ್ಚರವಾಗಿರಲು ಕಾಫಿ ಕುಡಿಯುತ್ತಿದ್ದರು. 1511ರಲ್ಲಿ ಮೆಕ್ಕಾದ ಅಧಿಕಾರಿ ಖೈರ್ ಬೇಗ್ ಅದನ್ನು ನಿಷೇಧಿಸಿದ, ಆ ನಿಷೇಧ ಹೆಚ್ಚು ಕಾಲ ಬಾಳಲಿಲ್ಲ. ನಮ್ಮ ಕಡೆಗೆ ಏಳು ಬೀಜ ತಂದು ಚಂದ್ರದ್ರೋಣ ಪರ್ವತದಲ್ಲಿ ನೆಟ್ಟರೆಂದು ಜನ ನಂಬುವ ಬಾಬಾ ಬುಡನ್ ಕೂಡ ಸೂಫಿ ಸಂತರೇ. ಸಾಧಕನ ಕೈಯಲ್ಲಿ ಜಾಗರಣೆಗೆ ಒದಗಿದ ವಸ್ತುವೇ, ಲೆಕ್ಕ ತಪ್ಪಿದಾಗ, ಉಪವಾಸದ ದಿನ ದೇವರ ಬದಲು ತಲೆನೋವನ್ನೇ ನೆನೆಯುವಂತೆ ಮಾಡುತ್ತದೆ.

ಏಳುವ ಆಸೆ ಇಳಿಯುತ್ತದೆ

ಸೆಳೆತ ಬಂದಾಗ ನಮಗೆ ಗೊತ್ತಿರುವ ದಾರಿಗಳು ಎರಡು: ಅದಕ್ಕೆ ಮಣಿಯುವುದು, ಇಲ್ಲವೇ ಹಲ್ಲುಕಚ್ಚಿ ಹತ್ತಿಕ್ಕುವುದು. ಧ್ಯಾನದ ಪರಂಪರೆಗಳು ಮೂರನೆಯದೊಂದನ್ನು ಕಲಿಸಿವೆ. ಆಸೆ ಮೈಯಲ್ಲಿ ಎಲ್ಲಿ ಹುಟ್ಟಿತು, ಎದೆಯಲ್ಲೋ ಗಂಟಲಲ್ಲೋ, ಹೇಗೆ ಬಲಿಯಿತು ಎಂದು ಸುಮ್ಮನೆ ನೋಡುತ್ತ ಕೂರುವುದು. ಜಡ್ಸನ್ ಬ್ರೂವರ್ ಮತ್ತು ಸಂಗಡಿಗರು 2011ರಲ್ಲಿ 88 ಮಂದಿ ಧೂಮಪಾನಿಗಳ ಮೇಲೆ ಇದನ್ನು ಪರೀಕ್ಷಿಸಿದರು. ಅರ್ಧದಷ್ಟು ಜನರಿಗೆ ಈ ಸಾಕ್ಷಿಭಾವದ ಅಭ್ಯಾಸ, ಉಳಿದವರಿಗೆ ಅಮೆರಿಕದಲ್ಲಿ ಚಾಲ್ತಿಯಲ್ಲಿದ್ದ ಇನ್ನೊಂದು ತರಬೇತಿ. ಹದಿನೇಳನೆಯ ವಾರದಲ್ಲಿ ನೋಡಿದಾಗ ಮೊದಲ ಗುಂಪಿನಲ್ಲಿ ಶೇ. 31ರಷ್ಟು ಜನ ಸಿಗರೇಟು ಬಿಟ್ಟಿದ್ದರು, ಎರಡನೆಯದರಲ್ಲಿ ಶೇ. 6. ಇದು ಚಿಕ್ಕ ಪ್ರಯೋಗ, ಎಲ್ಲರಿಗೂ ಇದೇ ಮದ್ದು ಎನ್ನಲಾಗದು. ಆದರೂ ಹಿರಿಯರು ಗುಹೆಗಳಲ್ಲಿ ಕಂಡುಕೊಂಡದ್ದು ಆಸ್ಪತ್ರೆಯ ಲೆಕ್ಕಕ್ಕೂ ಸಿಕ್ಕಿತಲ್ಲ ಎಂಬ ಸಂತೋಷ ದೊಡ್ಡದು. ತೀರಿಸದೆ ಬಿಟ್ಟ ಆಸೆ ಬೆಳೆಯುತ್ತಲೇ ಹೋಗುವುದಿಲ್ಲ. ಕೆಲವು ನಿಮಿಷ ಏರುತ್ತದೆ, ತಾನಾಗಿ ಇಳಿಯುತ್ತದೆ. ಇದನ್ನು ಒಮ್ಮೆ ಸ್ವಂತ ಮೈಯಲ್ಲಿ ಕಂಡವನಿಗೆ ಮುಂದಿನ ಸಲ ಅಷ್ಟು ಹೆದರಿಕೆಯಾಗುವುದಿಲ್ಲ.

ಬಿಡುವ ಕ್ರಮ

ಕಾಫಿ ಕುಡಿಯುವುದು ತಪ್ಪೆಂದು ನಾನು ಹೇಳುತ್ತಿಲ್ಲ. ಭಾರತದ ಕಾಫಿಯಲ್ಲಿ ಸುಮಾರು ಶೇ. 70ರಷ್ಟನ್ನು ಬೆಳೆಯುವ ಕರ್ನಾಟಕದಲ್ಲಿ, ಅದರಲ್ಲೂ ಈ ಗುಡ್ಡಗಳಲ್ಲಿ, ಕಾಫಿಯೇ ಜನರ ಅನ್ನ. ಮಿತವಾದ ಕಾಫಿಯಿಂದ ಆರೋಗ್ಯವಂತರಿಗೆ ಕೆಡುಕಿಲ್ಲ. ನಾನು ಹೇಳುವುದು ವರ್ಷಕ್ಕೆ ಒಂದೆರಡು ಸಲ ಹಿಡಿತ ಯಾರ ಕೈಯಲ್ಲಿದೆ ಎಂದು ನೋಡಿಕೊಳ್ಳಿ ಎಂದು. ಹಬ್ಬಕ್ಕೆ ಎರಡು ವಾರ ಇರುವಾಗಲೇ ಮೂರು ಲೋಟವನ್ನು ಎರಡಕ್ಕೆ, ಎರಡನ್ನು ಒಂದಕ್ಕೆ, ಆಮೇಲೆ ಅರ್ಧಕ್ಕೆ ಇಳಿಸಿ, ಕೊನೆಯ ದಿನಗಳಲ್ಲಿ ನಿಲ್ಲಿಸಿ. ಒಮ್ಮೆಲೇ ಬಿಟ್ಟರೂ ತೊಂದರೆ ಎರಡರಿಂದ ಒಂಬತ್ತು ದಿನಗಳದ್ದು, ಜೋರಿರುವುದು ಮೊದಲ ಎರಡು ದಿನ. ದೇಹ ಹಾಕಿಕೊಂಡಿದ್ದ ಹೆಚ್ಚುವರಿ ಸೀಟುಗಳನ್ನು ತಾನೇ ತೆಗೆಯುತ್ತದೆ. ಆಮೇಲೆ ಕುಡಿದ ಒಂದು ಲೋಟ ಬರಿ ಕೊರತೆ ತುಂಬುವುದಿಲ್ಲ, ಸೂಫಿಗಳಿಗೆ ಕೊಟ್ಟ ಎಚ್ಚರವನ್ನೇ ನಿಮಗೂ ಕೊಡುತ್ತದೆ.

ಮದ್ಯದ ವಿಷಯದಲ್ಲಿ ಮಾತ್ರ ಈ ಪ್ರಯೋಗವನ್ನು ಮನೆಯಲ್ಲಿ ಮಾಡಬೇಡಿ. ವರ್ಷಗಟ್ಟಲೆ ದಿನಾ ಹೆಚ್ಚು ಕುಡಿದವರ ಮೆದುಳಿನಲ್ಲಿ ಎದುರುಬಲ ಎಷ್ಟು ಬೆಳೆದಿರುತ್ತದೆಂದರೆ, ಒಮ್ಮೆಲೇ ನಿಲ್ಲಿಸಿದಾಗ ಕೈನಡುಕ, ಫಿಟ್ಸ್, ಭ್ರಮೆ ಬರಬಹುದು, ಪ್ರಾಣವೇ ಹೋಗಬಹುದು. ಹಬ್ಬದ ಹೆಸರಿನಲ್ಲೋ ಆಣೆ ಪ್ರಮಾಣದ ಹೆಸರಿನಲ್ಲೋ ಅವರನ್ನು ಒಂದೇ ದಿನಕ್ಕೆ ಬಿಡಿಸಲು ಹೋಗಬೇಡಿ. ಮೊದಲು ವೈದ್ಯರ ಬಳಿ ಕರೆದೊಯ್ಯಿರಿ. ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ಇದಕ್ಕೆಂದೇ ಪ್ರತ್ಯೇಕ ವಿಭಾಗವಿದೆ. ಅಷ್ಟು ದೂರ ಹೋಗುವ ಮೊದಲು ಸರ್ಕಾರದ ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಫೋನ್ ಮಾಡಿ ಕನ್ನಡದಲ್ಲೇ ಸಲಹೆ ಕೇಳಬಹುದು, ಹಣ ಕೊಡಬೇಕಾಗಿಲ್ಲ.